ಮಧ್ಯಸ್ಥನ ಧರ್ಮ: ಸೈಪ್ರಸ್ ದ್ವೀಪದ ಶಾಂತಿಪಾಲಕರು

ಒಂದೇ ಸೂರಿನ ಕೆಳಗೆ ಬೆಳೆದವರಲ್ಲಿ ಕಲಹವುಂಟಾದರೆ ಅದು ಪರಕೀಯರೊಡನೆ ಒದಗುವ ಕಲಹಕ್ಕಿಂತ ಘೋರವಾಗಿರುವುದೆಂಬುದನ್ನು ನಮ್ಮ ವಾಚಕರಿಗೆ ಬಿಡಿಸಿ ಹೇಳಬೇಕಾದುದಿಲ್ಲ. ಮಹಾಭಾರತದ ಕಥೆಯನ್ನು ಮನೆಮನೆಯಲ್ಲಿಯೂ ಓದಿ ಕೇಳಿದ ಜನರು ನಾವು. ದಾಯಾದಿಗಳು ಒಬ್ಬರೊಬ್ಬರ ಮರ್ಮಗಳನ್ನೆಲ್ಲ ಬಲ್ಲವರು. ಮೇಲಾಗಿ, ಜಗಳ ತೀರಿದ ತರುವಾಯವೂ ನೆರೆಹೊರೆಯಲ್ಲಿಯೇ ಬಾಳಬೇಕಾದವರು. ಇಂತಹ ಕಲಹದ ನಡುವೆ, ಆ ಮನೆಗೆ ಯಾವ ಸಂಬಂಧವೂ ಇಲ್ಲದ ದೂರದೇಶದ ಸೈನಿಕನೊಬ್ಬನು ಬಂದು ನಿಂತು, ಇನ್ನು ಹೊಡೆದಾಡಕೂಡದೆಂದು ಹೇಳಿದರೆ ಅವನ ಮಾತಿಗೆ ಬೆಲೆಯುಂಟೆ? ಅವನು ಅಲ್ಲಿ ಮಾಡಬಹುದಾದುದೇನು? ಎಷ್ಟು ಕಾಲ ಅವನು ಹಾಗೆ ನಿಂತಿರಬೇಕು? ಮೆಡಿಟರೇನಿಯನ್ ಸಮುದ್ರದ ಸೈಪ್ರಸ್ ದ್ವೀಪದಲ್ಲಿ ನಡೆದ ಸಂಗತಿಗಳನ್ನು ಮುಂದಿಟ್ಟುಕೊಂಡು ಈ ಪ್ರಶ್ನೆಗಳನ್ನು ವಿಚಾರಮಾಡಬೇಕೆಂಬುದು ನಮ್ಮ ಉದ್ದೇಶ. ಅಷ್ಟು ದೂರದ ದ್ವೀಪದ ಮಾತು ನಮಗೇಕೆಂದು ಯಾರೂ ಕೇಳಲಾರರು. ಅಲ್ಲಿ ಶಾಂತಿಯನ್ನು ಕಾಯುತ್ತಿದ್ದಾಗಲೇ ಪ್ರಾಣಬಿಟ್ಟ ದಳಪತಿಗಳು ನಮ್ಮ ಕೊಡಗಿನವರು.

ಮೊದಲು ಎರಡು ಪದಗಳ ವಿಷಯದಲ್ಲಿ ಒಂದು ಮಾತು. ಉದಾಸೀನನೆಂಬುದನ್ನೂ ಮಧ್ಯಸ್ಥನೆಂಬುದನ್ನೂ ನಾವು ವ್ಯವಹಾರದಲ್ಲಿ ಒಂದೇ ಅರ್ಥದಲ್ಲಿ ಬಳಸುತ್ತೇವೆ. ಆದರೆ ಭಗವದ್ಗೀತೆಯ ಆರನೆಯ ಅಧ್ಯಾಯದಲ್ಲಿ ಇವೆರಡೂ ಒಂದೇ ಶ್ಲೋಕದಲ್ಲಿ ಬೇರೆಬೇರೆಯಾಗಿ ಬಂದಿವೆ. ಯಾರ ಪಕ್ಷವನ್ನೂ ಹಿಡಿಯದವನು ಉದಾಸೀನನೆಂದೂ, ಪರಸ್ಪರ ವಿರೋಧಿಗಳಾದ ಇಬ್ಬರಿಗೂ ಹಿತವನ್ನು ಬಯಸುವವನು ಮಧ್ಯಸ್ಥನೆಂದೂ ಶಂಕರಾಚಾರ್ಯರು ಭಾಷ್ಯದಲ್ಲಿ ವಿಂಗಡಿಸಿರುವರು. ಈ ಭೇದವು ಸಣ್ಣದಲ್ಲ. ಉದಾಸೀನನು ದಡದಲ್ಲಿ ನಿಂತು ನೋಡುವನು. ಮಧ್ಯಸ್ಥನು ಹೊಳೆಗೆ ಇಳಿಯುವನು. ಎರಡು ಕಡೆಯ ಏಟೂ ಬೀಳುವುದು ಮಧ್ಯಸ್ಥನ ಮೈಮೇಲೆಯೇ. ಶಾಲೆಯ ಬಯಲಿನಲ್ಲಿ ಹುಡುಗರಿಬ್ಬರು ಕೈಕೈ ಮಿಲಾಯಿಸಿದಾಗ ಬಿಡಿಸಲು ಹೋದ ಮೂರನೆಯವನ ಅಂಗಿಯೇ ಮೊದಲು ಹರಿಯುವುದನ್ನು ಉಪಾಧ್ಯಾಯರಾಗಿದ್ದ ನಾವು ಎಷ್ಟೋ ಸಲ ಕಂಡಿದ್ದೇವೆ.

ದ್ವೀಪವೂ ಅದರ ಜನರೂ

ಸೈಪ್ರಸ್ ದ್ವೀಪದ ವಿಸ್ತಾರ ಸುಮಾರು ೯,೨೫೦ ಚದರ ಕಿಲೋಮೀಟರುಗಳು. ಎಂದರೆ ನಮ್ಮ ದೊಡ್ಡದೊಂದು ಜಿಲ್ಲೆಯಷ್ಟು. ಉತ್ತರಕ್ಕೆ ತುರ್ಕಿ ದೇಶವು ಸಮೀಪದಲ್ಲಿದೆ. ಗ್ರೀಸ್ ದೇಶವು ಪಶ್ಚಿಮದಲ್ಲಿ ಬಹು ದೂರದಲ್ಲಿದೆ. ೧೯೬೦ರಲ್ಲಿ ಅಲ್ಲಿಯ ನಿವಾಸಿಗಳಲ್ಲಿ ನೂರಕ್ಕೆ ಎಪ್ಪತ್ತೇಳರಷ್ಟು ಜನ ಗ್ರೀಕ್ ಭಾಷೆಯನ್ನಾಡುವ ಕ್ರೈಸ್ತರು. ನೂರಕ್ಕೆ ಹದಿನೆಂಟರಷ್ಟು ಜನ ತುರ್ಕಿ ಭಾಷೆಯನ್ನಾಡುವ ಮುಸಲ್ಮಾನರು. ಈ ಎರಡು ಪಂಗಡದವರೂ ಬಹುಕಾಲ ಅನೇಕ ಹಳ್ಳಿಗಳಲ್ಲಿ ಒಟ್ಟಿಗೇ ವಾಸವಾಗಿದ್ದರು.

೧೮೭೮ರಿಂದ ದ್ವೀಪವು ಬ್ರಿಟಿಷರ ಕೈಯಲ್ಲಿದ್ದಿತು. ೧೯೫೫ರಲ್ಲಿ ಗ್ರೀಕರ ಒಂದು ಗುಪ್ತದಳವು ಬ್ರಿಟಿಷರ ವಿರುದ್ಧ ಶಸ್ತ್ರವೆತ್ತಿತು. ಅದರ ಗುರಿ ಬರಿಯ ಸ್ವಾತಂತ್ರ್ಯವಲ್ಲ. ದ್ವೀಪವನ್ನು ಗ್ರೀಸ್ ದೇಶದೊಡನೆ ಸೇರಿಸಬೇಕೆಂಬುದು. ಹಾಗಾದರೆ ತಮ್ಮ ಗತಿಯೇನೆಂದು ಅಂಜಿದ ತುರ್ಕಿಯರು ದ್ವೀಪವನ್ನು ಎರಡಾಗಿ ಪಾಲುಮಾಡಬೇಕೆಂದರು. ಕಡೆಗೆ, ಸೇರಿಸುವುದೂ ಬೇಡ, ಪಾಲೂ ಬೇಡವೆಂದು ಒಪ್ಪಂದವಾಗಿ ೧೯೬೦ನೆಯ ಆಗಸ್ಟ್ ೧೬ರಂದು ಸೈಪ್ರಸ್ ಸ್ವತಂತ್ರ ಗಣರಾಜ್ಯವಾಯಿತು. ಗ್ರೀಕರ ಧರ್ಮಗುರುಗಳಾದ ಆರ್ಚ್‌ಬಿಷಪ್ ಮಕಾರಿಯೋಸರು ಅಧ್ಯಕ್ಷರಾದರು. ತುರ್ಕಿಯರ ನಾಯಕರಾದ ಡಾಕ್ಟರ್ ಫಾಜಿಲ್ ಕುಚುಕರು ಉಪಾಧ್ಯಕ್ಷರಾದರು. ಬ್ರಿಟನ್, ಗ್ರೀಸ್, ತುರ್ಕಿ ಈ ಮೂರು ದೇಶಗಳು ಒಪ್ಪಂದಕ್ಕೆ ಹೊಣೆಗಾರರಾಗಿ ನಿಂತವು.

ಆ ರಾಜ್ಯಾಂಗವು ಮನೆಯನ್ನು ಕಟ್ಟುವುದಕ್ಕಿಂತ ಮೊದಲೇ ಪಾಲುಪತ್ರವನ್ನು ಬರೆದಿಟ್ಟಂತಿದ್ದಿತು. ಸರ್ಕಾರಿ ನೌಕರಿಯಲ್ಲಿ ಗ್ರೀಕರಿಗೆ ನೂರಕ್ಕೆ ೭೦, ತುರ್ಕಿಯರಿಗೆ ೩೦. ಸೈನ್ಯದಲ್ಲಿ ೬೦ಕ್ಕೆ ೪೦. ಮುಖ್ಯವಾದ ಕೆಲವು ವಿಷಯಗಳಲ್ಲಿ ಅಧ್ಯಕ್ಷರಿಗೂ ಉಪಾಧ್ಯಕ್ಷರಿಗೂ ತಡೆಯಾಜ್ಞೆಯ ಅಧಿಕಾರ. ಐದು ಪಟ್ಟಣಗಳಲ್ಲಿ ಎರಡು ಪಂಗಡಗಳಿಗೂ ಪ್ರತ್ಯೇಕ ಪುರಸಭೆಗಳು. ತಮ್ಮ ಸಂಖ್ಯೆಗೆ ಇದು ಅನ್ಯಾಯವೆಂದು ಗ್ರೀಕರೂ, ಇಷ್ಟಾದರೂ ಇಲ್ಲದಿದ್ದರೆ ತಮಗೆ ಉಳಿವಿಲ್ಲವೆಂದು ತುರ್ಕಿಯರೂ ವಾದಿಸಿದರು. ಎರಡು ಭಯಗಳಿಗೂ ಕಾರಣವಿದ್ದಿತು. ಆದುದರಿಂದಲೇ ಕಲಹವು ಕಠಿನವಾಯಿತು. ೧೯೬೩ನೆಯ ನವೆಂಬರಿನಲ್ಲಿ ಮಕಾರಿಯೋಸರು ರಾಜ್ಯಾಂಗಕ್ಕೆ ಹದಿಮೂರು ತಿದ್ದುಪಡಿಗಳನ್ನು ಸೂಚಿಸಿದರು. ಮಾರನೆಯ ತಿಂಗಳು, ಡಿಸೆಂಬರ್ ೨೧ರಂದು, ರಾಜಧಾನಿಯಾದ ನಿಕೋಸಿಯದಲ್ಲಿ ಗುಂಡುಗಳು ಹಾರಿದವು. ಕ್ರಿಸ್ಮಸ್ ಹಬ್ಬದ ವಾರದಲ್ಲಿ ನೆರೆಯವರು ನೆರೆಯವರನ್ನು ಕೊಂದರು. ಮುಂದಿನ ತಿಂಗಳುಗಳಲ್ಲಿ ಎರಡು ಕಡೆಯೂ ಜೀವಹಾನಿಯಾಗಿ, ಸುಮಾರು ೨೫,೦೦೦ ಮಂದಿ ತುರ್ಕಿಯರು ತಮ್ಮ ಹಳ್ಳಿಗಳನ್ನು ಬಿಟ್ಟು, ತಮ್ಮವರು ಹೆಚ್ಚಾಗಿದ್ದ ಎಡೆಗಳಲ್ಲಿ ಗುಂಪುಗುಂಪಾಗಿ ಸೇರಿಕೊಂಡರು. ಊರು ಬಿಟ್ಟ ಗ್ರೀಕರೂ ಉಂಟು.

ಹಸಿರು ಗೆರೆ

ಒಪ್ಪಂದಕ್ಕೆ ಹೊಣೆಯಾಗಿದ್ದ ಬ್ರಿಟಿಷರ ಸೈನ್ಯವು ಮೊದಲು ನಡುವೆ ಬಂದಿತು. ೧೯೬೩ನೆಯ ಡಿಸೆಂಬರ್ ೩೦ರಂದು ಮೇಜರ್ ಜನರಲ್ ಪೀಟರ್ ಯಂಗ್ ಎಂಬ ಸೇನಾಧಿಕಾರಿಯು ನಿಕೋಸಿಯದ ನಕ್ಷೆಯ ಮೇಲೆ ಹಸಿರು ಸೀಸದಕಡ್ಡಿಯಿಂದ ಒಂದು ಗೆರೆಯನ್ನೆಳೆದರು. ಗೆರೆಯ ಉತ್ತರಕ್ಕೆ ತುರ್ಕಿಯರು, ದಕ್ಷಿಣಕ್ಕೆ ಗ್ರೀಕರು. ನಿಕೋಸಿಯದ ಹಳೆಯ ಪೇಟೆಯು ವೆನಿಸ್ ನಗರದವರು ಕಟ್ಟಿಸಿದ, ಹನ್ನೊಂದು ಕೊತ್ತಲಗಳುಳ್ಳ ಗುಂಡಾದ ಕೋಟೆಯೊಳಗಿದೆ. ಆ ಗೆರೆಯು ಈ ಪೇಟೆಯನ್ನು ನಡುವೆಯೇ ಸೀಳಿಕೊಂಡು ಹೋಯಿತು. ನಿತ್ಯವೂ ಜನರು ಓಡಾಡುತ್ತಿದ್ದ ಬೀದಿಗಳಿಗೆ ಮರಳುಮೂಟೆಗಳೂ ಮುಳ್ಳುತಂತಿಯೂ ಅಡ್ಡಬಂದವು. ಕೆಲವು ದಿನಗಳ ಮಟ್ಟಿಗೆಂದು ಎಳೆದ ಆ ಗೆರೆಗೆ ಹಸಿರು ಗೆರೆಯೆಂಬ ಹೆಸರು ಅರುವತ್ತು ವರ್ಷಗಳು ಕಳೆದರೂ ಉಳಿದಿರುವುದು.

ಹಿಂದೆ ಆಳಿದವರು ಮಧ್ಯಸ್ಥರಾಗುವುದು ಕಷ್ಟ. ಅವರ ಮೇಲೆ ಹಳೆಯ ಸಂಶಯಗಳಿರುತ್ತವೆ. ಆದುದರಿಂದ ವಿಷಯವು ವಿಶ್ವಸಂಸ್ಥೆಗೆ ಹೋಯಿತು. ೧೯೬೪ನೆಯ ಮಾರ್ಚ್ ೪ರಂದು ಭದ್ರತಾ ಮಂಡಳಿಯು, ಸೈಪ್ರಸ್ ಸರ್ಕಾರದ ಒಪ್ಪಿಗೆಯ ಮೇಲೆ, ಅಲ್ಲಿಗೆ ಶಾಂತಿಪಾಲನಾ ಪಡೆಯೊಂದನ್ನು ಕಳುಹಿಸಬೇಕೆಂದು ನಿರ್ಣಯಿಸಿತು. ಮರಳಿ ಹೋರಾಟವಾಗದಂತೆ ತಡೆಯುವುದು, ಅಗತ್ಯವಿದ್ದೆಡೆ ಶಿಸ್ತು ಶಾಂತಿಗಳನ್ನು ನೆಲೆಗೊಳಿಸಲು ನೆರವಾಗುವುದು, ಜನಜೀವನವು ಎಂದಿನಂತಾಗಲು ಸಹಾಯಮಾಡುವುದು: ಇವು ಮೂರು ಅದರ ಕರ್ತವ್ಯಗಳು. ಬ್ರಿಟನ್, ಕೆನಡ, ಡೆನ್ಮಾರ್ಕ್, ಫಿನ್ಲೆಂಡ್, ಐರ್ಲೆಂಡ್, ಸ್ವೀಡನ್ ದೇಶಗಳು ಸೈನಿಕರನ್ನು ಕೊಟ್ಟವು. ಆಸ್ಟ್ರಿಯ ದೇಶವು ವೈದ್ಯರನ್ನು ಕಳುಹಿಸಿತು. ಆಸ್ಟ್ರೇಲಿಯ, ನ್ಯೂಜಿಲೆಂಡ್ ಮೊದಲಾದ ದೇಶಗಳಿಂದ ಪೊಲೀಸರು ಬಂದರು. ೧೯೬೪ರ ನಡುವಿನ ವೇಳೆಗೆ ಪಡೆಯ ಸಂಖ್ಯೆ ೬,೦೦೦ವನ್ನು ಮೀರಿದ್ದಿತು. ಮೊದಲು ಗೊತ್ತುಮಾಡಿದ ಅವಧಿ ಮೂರು ತಿಂಗಳು ಮಾತ್ರವೆಂಬುದನ್ನು ವಾಚಕರು ಜ್ಞಾಪಕದಲ್ಲಿಡಬೇಕು.

ಪಡೆಯಲ್ಲಿ ಭಾರತದ ಕಾಲಾಳು ದಳವಿರಲಿಲ್ಲ. ಆದರೆ ಅದನ್ನು ನಡೆಸಲು ಭಾರತದ ಸೇನಾನಿಗಳನ್ನೇ ಆರಿಸಲಾಯಿತು. ಮೊದಲನೆಯ ದಳಪತಿಗಳು ಲೆಫ್ಟಿನೆಂಟ್ ಜನರಲ್ ಪಿ. ಎಸ್. ಗ್ಯಾನಿಯವರು. ೧೯೬೪ನೆಯ ಜುಲೈ ತಿಂಗಳಿನಲ್ಲಿ ಅವರ ಸ್ಥಾನಕ್ಕೆ ಬಂದವರೇ ಜನರಲ್ ಕೊಡಂದೇರ ಸುಬ್ಬಯ್ಯ ತಿಮ್ಮಯ್ಯನವರು.

ಕೊಡಗಿನ ದಳಪತಿ

ತಿಮ್ಮಯ್ಯನವರು ೧೯೦೬ರಲ್ಲಿ ಮಡಿಕೇರಿಯಲ್ಲಿ ಜನಿಸಿದರು. ಬೆಂಗಳೂರಿನಲ್ಲಿ ಓದಿ, ಇಂಗ್ಲೆಂಡಿನ ಸ್ಯಾಂಡ್‌ಹರ್ಸ್ಟ್ ಸೈನಿಕ ವಿದ್ಯಾಲಯದಲ್ಲಿ ಶಿಕ್ಷಣ ಪಡೆದರು. ೧೯೪೮ನೆಯ ನವೆಂಬರಿನಲ್ಲಿ ಕಾಶ್ಮೀರದ ಜೋಜಿ ಲಾ ಕಣಿವೆಯ ಎತ್ತರಕ್ಕೆ ಟ್ಯಾಂಕುಗಳನ್ನು ಹತ್ತಿಸಿ ಲಡಾಖಿನ ದಾರಿಯನ್ನು ತೆರೆಯಿಸಿದ ಕೀರ್ತಿ ಅವರದು. ೧೯೫೭ರಿಂದ ೧೯೬೧ರವರೆಗೆ ಭಾರತದ ಭೂಸೇನೆಯ ಮುಖ್ಯಸ್ಥರಾಗಿದ್ದು ನಿವೃತ್ತರಾದರು. ಯುದ್ಧದಲ್ಲಿ ಇಷ್ಟು ಪಳಗಿದವರನ್ನು ಯುದ್ಧಮಾಡದಿರುವ ಸೈನ್ಯಕ್ಕೆ ಏಕೆ ಕರೆದರೆಂದು ಯಾರಾದರೂ ಕೇಳಬಹುದು. ಇದಕ್ಕೆ ಉತ್ತರ ಕೊರಿಯಾ ದೇಶದಲ್ಲಿ ದೊರೆಯುವುದು.

ಕೊರಿಯಾದ ಯುದ್ಧವು ೧೯೫೩ರಲ್ಲಿ ನಿಂತಾಗ, ಸ್ವದೇಶಕ್ಕೆ ಮರಳಲೊಲ್ಲದ ೨೨,೦೦೦ಕ್ಕೂ ಹೆಚ್ಚು ಮಂದಿ ಸೆರೆಯಾಳುಗಳ ಪ್ರಶ್ನೆ ಉಳಿಯಿತು. ಅದನ್ನು ಬಗೆಹರಿಸಲು ತಟಸ್ಥ ರಾಷ್ಟ್ರಗಳ ಆಯೋಗವೊಂದು ಏರ್ಪಟ್ಟು, ತಿಮ್ಮಯ್ಯನವರು ಅದರ ಅಧ್ಯಕ್ಷರಾದರು. ಸೆರೆಯಾಳುಗಳನ್ನು ಕಾಯಲು ಭಾರತದ ಸೈನಿಕರು ಹೋದರು. ದಕ್ಷಿಣ ಕೊರಿಯಾದ ಅಧ್ಯಕ್ಷರಿಗೆ ಭಾರತದ ಮೇಲೆ ಎಷ್ಟು ಅವಿಶ್ವಾಸವಿದ್ದಿತೆಂದರೆ, ನಮ್ಮ ಸೈನಿಕರು ತಮ್ಮ ನೆಲದ ಮೇಲೆ ಕಾಲಿಡಲು ಅವರು ಒಪ್ಪಲಿಲ್ಲ. ಹಡಗಿನಿಂದ ಹೆಲಿಕಾಪ್ಟರುಗಳಲ್ಲಿಯೇ ಅವರನ್ನು ಸೇನಾಮುಕ್ತ ವಲಯಕ್ಕೆ ಸಾಗಿಸಬೇಕಾಯಿತು. ಎರಡು ಬಣಗಳೂ ಬೈದುವು. ಆದರೂ ಕೆಲಸವು ಮುಗಿಯಿತು. ಈ ಅನುಭವವೇ ತಿಮ್ಮಯ್ಯನವರಿಗೆ ಸೈಪ್ರಸ್ಸಿನಲ್ಲಿ ಅರ್ಹತಾಪತ್ರವಾಯಿತೆಂದು ನಮ್ಮ ಭಾವನೆ. ಎರಡು ಕಡೆಯವರೂ ತನ್ನನ್ನು ಹೊಗಳಲೆಂದು ಬಯಸುವವನು ಮಧ್ಯಸ್ಥನಾಗಲಾರನು. ಬೈಗುಳವನ್ನು ಸಮಭಾಗವಾಗಿ ಸ್ವೀಕರಿಸುವ ತಾಳ್ಮೆಯುಳ್ಳವನು ಆಗಬಲ್ಲನು.

ಅವರು ಅಧಿಕಾರ ವಹಿಸಿಕೊಂಡು ಒಂದು ತಿಂಗಳಾಗುವಷ್ಟರಲ್ಲಿಯೇ ಕಠಿನವಾದ ಪರೀಕ್ಷೆಯೊದಗಿತು. ದ್ವೀಪದ ವಾಯವ್ಯ ತೀರದಲ್ಲಿ ಕೊಕ್ಕಿನ ಎಂಬ ತುರ್ಕಿಯರ ನೆಲೆಯಿದ್ದಿತು; ತುರ್ಕಿ ದೇಶದಿಂದ ಆಳುಗಳೂ ಆಯುಧಗಳೂ ಅಲ್ಲಿಗೆ ಬಂದಿಳಿಯುತ್ತಿದ್ದುವು. ೧೯೬೪ನೆಯ ಆಗಸ್ಟ್ ಮೊದಲ ವಾರದಲ್ಲಿ ಗ್ರೀಕರ ಸೈನ್ಯವು ಅದನ್ನು ಮುತ್ತಿತು. ಅದಕ್ಕೆ ಪ್ರತಿಯಾಗಿ ತುರ್ಕಿಯ ವಿಮಾನಗಳು ಆಗಸ್ಟ್ ೮ ಮತ್ತು ೯ರಂದು ಆ ಪ್ರದೇಶದ ಮೇಲೆ ಬಾಂಬುಗಳನ್ನು ಸುರಿದವು. ಆ ಭಾಗದಲ್ಲಿದ್ದ ಸ್ವೀಡನ್ ದೇಶದ ಅಲ್ಪಸಂಖ್ಯೆಯ ಸೈನಿಕರು ಇದನ್ನು ತಡೆಯಬಲ್ಲವರಾಗಿರಲಿಲ್ಲ. ಭದ್ರತಾ ಮಂಡಳಿಯು ಹೋರಾಟವನ್ನು ನಿಲ್ಲಿಸಬೇಕೆಂದು ಕರೆಗೊಟ್ಟ ಮೇಲೆ ಗುಂಡುಗಳು ನಿಂತವು. ಎರಡು ಸೈನ್ಯಗಳು ಯುದ್ಧಮಾಡಲೇಬೇಕೆಂದು ನಿಶ್ಚಯಿಸಿಕೊಂಡರೆ ಶಾಂತಿಪಾಲಕನು ಅದನ್ನು ತಡೆಯಲಾರನೆಂಬುದು ಆ ಬೇಸಗೆಯಲ್ಲಿಯೇ ಸ್ಪಷ್ಟವಾಯಿತು.

ಬಂದೂಕವಿದ್ದೂ ಹಾರಿಸದವರು

ಹಾಗಾದರೆ ಅವನ ಉಪಯೋಗವೇನು? ಇದನ್ನು ತಿಳಿಯಲು ಯುದ್ಧದ ದಿನಗಳನ್ನು ಬಿಟ್ಟು ಸಾಮಾನ್ಯ ದಿನಗಳನ್ನು ನೋಡಬೇಕು. ಶಾಂತಿಪಾಲಕನ ಕೈಯಲ್ಲಿ ಬಂದೂಕವಿರುವುದು. ಆದರೆ ಆತ್ಮರಕ್ಷಣೆಗಲ್ಲದೆ ಅದನ್ನು ಹಾರಿಸಕೂಡದೆಂದು ಕಟ್ಟಪ್ಪಣೆಯಿದೆ. ಅವನು ತಲೆಗೆ ನೀಲಿಯ ಟೋಪಿಯನ್ನು ಧರಿಸುವನು. ಸಾಧಾರಣ ಸೈನಿಕನು ಶತ್ರುವಿಗೆ ಕಾಣದಂತೆ ಅಡಗುವನು. ಇವನು ಇಬ್ಬರಿಗೂ ಕಾಣುವಂತೆ ಬಯಲಿನಲ್ಲಿ ನಿಲ್ಲಬೇಕು. ಎಲ್ಲರ ಕಣ್ಣಿಗೂ ಬೀಳುವುದೇ ಅವನ ಕೆಲಸ. ತಾನು ಹಾರಿಸುವ ಗುಂಡಿಗೆ ಹೊರಗಿನವನೊಬ್ಬನು ಸಾಕ್ಷಿಯಾಗಿರುವನೆಂದು ತಿಳಿದಾಗ ಎಷ್ಟೋ ಕೈಗಳು ಹಿಂದೆಗೆಯುತ್ತವೆ.

ಗೋಧಿಯ ಕೊಯ್ಲಿನ ಕಾಲದಲ್ಲಿ, ಎದುರು ಪಕ್ಷದ ಕಾವಲಿನ ಹತ್ತಿರವಿದ್ದ ಹೊಲಗಳಿಗೆ ರೈತನು ಒಬ್ಬನೇ ಹೋಗಲು ಅಂಜುತ್ತಿದ್ದನು. ನೀಲಿ ಟೋಪಿಯ ಸೈನಿಕರು ಬೆಂಗಾವಲಾಗಿ ಹೋಗಿ, ಅವನು ಕೊಯ್ದು ಮುಗಿಸುವವರೆಗೆ ಹೊಲದಂಚಿನಲ್ಲಿ ಕಾಯುತ್ತಿದ್ದರು. ನಿಕೋಸಿಯದಿಂದ ಉತ್ತರ ತೀರದ ಕೈರೀನಿಯ ಪಟ್ಟಣಕ್ಕೆ ಹೋಗುವ ಹೆದ್ದಾರಿಯು ತುರ್ಕಿಯರ ವಶದಲ್ಲಿದ್ದಿತು. ೧೯೬೪ನೆಯ ಅಕ್ಟೋಬರಿನಿಂದ ಆ ದಾರಿಯು ವಿಶ್ವಸಂಸ್ಥೆಯ ಮೇಲ್ವಿಚಾರಣೆಗೆ ಬಂದು, ಗೊತ್ತಾದ ವೇಳೆಗಳಲ್ಲಿ ಗ್ರೀಕರ ವಾಹನಗಳು ಸಾಲಾಗಿ, ಹಿಂದೆ ಮುಂದೆ ಶಾಂತಿಪಾಲಕರ ಕಾವಲಿನೊಡನೆ ಸಂಚರಿಸತೊಡಗಿದವು. ಇತ್ತ ತುರ್ಕಿಯರ ನೆಲೆಗಳಿಗೆ ಸಿಮೆಂಟು, ಕಬ್ಬಿಣ, ಮರ, ಇಂಧನ ಮೊದಲಾದುವು ಹೋಗದಂತೆ ಸರ್ಕಾರವು ನಿರ್ಬಂಧಿಸಿದ್ದಿತು; ಇವು ಯುದ್ಧಕ್ಕೆ ಒದಗುವ ಪದಾರ್ಥಗಳೆಂಬುದು ಅದರ ವಾದ. ಆದರೆ ಅದೇ ಸಿಮೆಂಟಿನಿಂದ ಕಂದಕವನ್ನೂ ಕಟ್ಟಬಹುದು, ನಿರಾಶ್ರಿತನ ಗೋಡೆಯನ್ನೂ ಕಟ್ಟಬಹುದು. ಯಾವುದನ್ನು ಬಿಡಬೇಕು, ಯಾವುದನ್ನು ತಡೆಯಬೇಕೆಂದು ಪಟ್ಟಿಯ ಒಂದೊಂದು ಸಾಮಗ್ರಿಗೂ ಚೌಕಾಸಿ ನಡೆಸಿ ನಿರ್ಬಂಧವನ್ನು ಸಡಿಲಿಸುವುದು ಶಾಂತಿಪಾಲಕರ ಪಾಲಿಗೆ ಬಂದಿತು. ತುರ್ಕಿಯ ಪರಿಹಾರ ಸಂಸ್ಥೆಯವರು ಹಡಗಿನಲ್ಲಿ ಕಳುಹಿಸಿದ ಧಾನ್ಯವನ್ನು ನೆಲೆಗಳಿಗೆ ತಲುಪಿಸಲೂ ಅವರ ಕಾವಲು ಬೇಕಾಗಿದ್ದಿತು.

ಇವೆಲ್ಲವೂ ವೀರರಸದ ಕಾವ್ಯಕ್ಕೆ ವಸ್ತುವಾಗತಕ್ಕವಲ್ಲ. ಆದರೆ ಸಂಸಾರವನ್ನು ನಡೆಸುವವರಿಗೆ ಇವುಗಳ ಬೆಲೆ ಗೊತ್ತು. ಮನೆಯಲ್ಲಿ ಹಿಟ್ಟಿದೆಯೆ, ಹೊಲಕ್ಕೆ ಹೋದ ಗಂಡನು ಸಂಜೆಗೆ ಮರಳುವನೆ, ಜ್ವರ ಬಂದ ಮಗುವನ್ನು ಪಟ್ಟಣದ ಆಸ್ಪತ್ರೆಗೆ ಕರೆದೊಯ್ಯಲು ದಾರಿ ತೆರೆದಿದೆಯೆ ಎಂಬುವೇ ಅಂತರ್ಯುದ್ಧದಲ್ಲಿ ಸಿಕ್ಕಿದ ತಾಯಿಯ ಚಿಂತೆಗಳು. ಎರಡು ಪಂಗಡಗಳ ನಾಯಕರು ದೊಡ್ಡ ಪ್ರಶ್ನೆಗಳನ್ನು ಚರ್ಚಿಸುತ್ತಿದ್ದಾಗ ಈ ಚಿಕ್ಕ ಪ್ರಶ್ನೆಗಳಿಗೆ ಉತ್ತರ ಹುಡುಕಿದವರು ದೂರದೇಶದ ಇಪ್ಪತ್ತು ಇಪ್ಪತ್ತೆರಡು ವರ್ಷದ ತರುಣರು.

ಅವರೆಲ್ಲರೂ ನಿಷ್ಕಳಂಕರಾಗಿದ್ದರೆಂದು ನಾವು ಹೇಳುವುದಿಲ್ಲ. ೧೯೬೪ರಲ್ಲಿ ಸ್ವೀಡನ್ ದಳದ ಕೆಲವರು ವಿಶ್ವಸಂಸ್ಥೆಯ ವಾಹನದಲ್ಲಿ ತುರ್ಕಿಯರ ಆಯುಧಗಳನ್ನು ಸಾಗಿಸುತ್ತಿದ್ದಾಗ ಸಿಕ್ಕಿಬಿದ್ದರು. ಅವರನ್ನು ಸ್ವದೇಶಕ್ಕೆ ಹಿಂದಕ್ಕೆ ಕಳುಹಿಸಲಾಯಿತು. ಸಾವಿರಾರು ಜನರಲ್ಲಿ ಕೆಲವರ ಅಪರಾಧವೆಂದು ಇದನ್ನು ತಳ್ಳಿಹಾಕುವಂತಿಲ್ಲ. ಸಾಮಾನ್ಯ ಸೈನಿಕನು ತಪ್ಪುಮಾಡಿದರೆ ಅವನ ಸೈನ್ಯಕ್ಕೆ ಒಂದು ಠಾಣೆ ನಷ್ಟವಾಗಬಹುದು. ಮಧ್ಯಸ್ಥನು ತಪ್ಪುಮಾಡಿದರೆ ನಷ್ಟವಾಗುವುದು ನಂಬಿಕೆ. ಅದನ್ನು ಮರಳಿ ಗಳಿಸಿಕೊಳ್ಳುವುದು ಠಾಣೆಯನ್ನು ಗೆದ್ದುಕೊಳ್ಳುವುದಕ್ಕಿಂತ ಕಷ್ಟ.

ತಿಮ್ಮಯ್ಯನವರು ಈ ನಂಬಿಕೆಯನ್ನು ಸುಮಾರು ಒಂದೂವರೆ ವರ್ಷ ಕಾಪಾಡಿಕೊಂಡು ಬಂದರು. ೧೯೬೫ನೆಯ ಡಿಸೆಂಬರ್ ೧೮ರಂದು, ತಮ್ಮ ಐವತ್ತೊಂಬತ್ತನೆಯ ವಯಸ್ಸಿನಲ್ಲಿ, ಅಧಿಕಾರದಲ್ಲಿರುವಾಗಲೇ ಹೃದಯಾಘಾತದಿಂದ ಸೈಪ್ರಸ್ಸಿನಲ್ಲಿ ತೀರಿಕೊಂಡರು. ಅವರ ದೇಹವನ್ನು ಬೆಂಗಳೂರಿಗೆ ತರಲಾಯಿತು. ಮಾರನೆಯ ವರ್ಷ ಸೈಪ್ರಸ್ ಸರ್ಕಾರವು ಅವರ ಚಿತ್ರವುಳ್ಳ ಅಂಚೆಚೀಟಿಯನ್ನು ಹೊರಡಿಸಿತು. ಲಾರ್ನಕ ಪಟ್ಟಣದ ಹೆದ್ದಾರಿಯೊಂದಕ್ಕೆ ಅವರ ಹೆಸರಿದೆ. ಮಡಿಕೇರಿಯಲ್ಲಿ ಅವರು ಹುಟ್ಟಿ ಬೆಳೆದ ಸನ್ನಿಸೈಡ್ ಎಂಬ ಮನೆಯು ೨೦೨೧ರಿಂದ ವಸ್ತುಸಂಗ್ರಹಾಲಯವಾಗಿದೆ. ಪರದೇಶದ ದಳಪತಿಯನ್ನು ಒಂದು ದೇಶವು ಅಂಚೆಚೀಟಿಯಲ್ಲಿ ಗೌರವಿಸುವುದು ಅಪರೂಪ. ಅದರಲ್ಲಿಯೂ ಗೆದ್ದ ಯುದ್ಧಕ್ಕಾಗಿಯಲ್ಲ, ನಡೆಯದ ಯುದ್ಧಕ್ಕಾಗಿ ಗೌರವಿಸುವುದು ಇನ್ನೂ ಅಪರೂಪ.

೧೯೭೪ರ ಬೇಸಗೆ

ಕಥೆಯು ಇಲ್ಲಿಗೇ ಮುಗಿದಿದ್ದರೆ ಎಷ್ಟು ಚೆನ್ನಾಗಿರುತ್ತಿದ್ದಿತು! ಆದರೆ ಮನಸ್ಸಿನ ವೈಷಮ್ಯವು ಕಾವಲಿಗೆ ಅಂಜುವಂಥದಲ್ಲ. ೧೯೭೪ನೆಯ ಜುಲೈ ೧೫ರಂದು, ಗ್ರೀಸಿನಲ್ಲಿ ಆಗ ಅಧಿಕಾರದಲ್ಲಿದ್ದ ಸೈನಿಕ ಸರ್ಕಾರದ ಪ್ರೇರಣೆಯಿಂದ ಮಕಾರಿಯೋಸರ ವಿರುದ್ಧ ಕ್ಷಿಪ್ರಕ್ರಾಂತಿ ನಡೆಯಿತು. ಐದು ದಿನಗಳ ಮೇಲೆ, ಜುಲೈ ೨೦ರಂದು, ತುರ್ಕಿಯ ಸೈನ್ಯವು ಉತ್ತರ ತೀರದಲ್ಲಿ ಬಂದಿಳಿಯಿತು. ಆಗಸ್ಟ್ ೧೬ರಂದು ಹೋರಾಟ ನಿಂತಾಗ ದ್ವೀಪದ ಮೂರನೆಯ ಒಂದು ಭಾಗಕ್ಕಿಂತಲೂ ಹೆಚ್ಚು ನೆಲವು ಅದರ ವಶದಲ್ಲಿದ್ದಿತು. ಒಂದೂವರೆ ಲಕ್ಷಕ್ಕೂ ಹೆಚ್ಚು ಗ್ರೀಕರು ದಕ್ಷಿಣಕ್ಕೆ ಓಡಿಬಂದರು. ನಲವತ್ತು ಸಾವಿರಕ್ಕೂ ಹೆಚ್ಚು ತುರ್ಕಿಯರು ಉತ್ತರಕ್ಕೆ ಹೋದರು. ಬೇಗನೆ ಮರಳುವೆವೆಂದು ನಂಬಿ ಮನೆಗೆ ಬೀಗ ಹಾಕಿ ಬೀಗದ ಕೈಯನ್ನು ಜೊತೆಯಲ್ಲಿ ತಂದವರು ಎಷ್ಟೋ ಮಂದಿ.

ಆಗ ಶಾಂತಿಪಾಲನಾ ಪಡೆಯ ದಳಪತಿಗಳಾಗಿದ್ದವರೂ ಭಾರತೀಯರೇ, ದಿವಾನ್ ಪ್ರೇಮ್ ಚಂದರು. ಹಿಂದೆ ಕಾಂಗೋ ದೇಶದ ಅಂತರ್ಯುದ್ಧದಲ್ಲಿಯೂ ವಿಶ್ವಸಂಸ್ಥೆಯ ಸೈನಿಕರನ್ನು ನಡೆಸಿದವರು. ಎರಡು ಸೈನ್ಯಗಳೂ ನಿಕೋಸಿಯದ ವಿಮಾನನಿಲ್ದಾಣಕ್ಕಾಗಿ ಹೊಡೆದಾಡುತ್ತಿದ್ದಾಗ ಅವರು ಅದನ್ನು ವಿಶ್ವಸಂಸ್ಥೆಯ ರಕ್ಷಣೆಗೊಳಪಟ್ಟ ಪ್ರದೇಶವೆಂದು ಸಾರಿ ತಮ್ಮ ಸೈನಿಕರನ್ನು ಅಲ್ಲಿ ನಿಲ್ಲಿಸಿದರು. ನಿಲ್ದಾಣವು ಯಾರ ಕೈಗೂ ಹೋಗಲಿಲ್ಲ. ಆ ದಿನಗಳಲ್ಲಿ ಶಾಂತಿಪಾಲಕರಲ್ಲಿಯೂ ಹಲವರು ಮಡಿದರು. ಆದರೆ ಮಹಾಸೈನ್ಯವೊಂದು ನುಗ್ಗಿದಾಗ, ಎರಡು ಸಾವಿರಕ್ಕೆ ಸ್ವಲ್ಪ ಮೀರಿದ ಅವರ ಪಡೆಯು ದ್ವೀಪವನ್ನು ಕಾಪಾಡುವುದು ಸಾಧ್ಯವಿರಲಿಲ್ಲ.

ಅಂದಿನಿಂದ ಹಸಿರು ಗೆರೆಯು ದ್ವೀಪದ ಉದ್ದಕ್ಕೂ ಬೆಳೆಯಿತು. ಎರಡು ಸೈನ್ಯಗಳ ನಡುವೆ ಸುಮಾರು ೧೮೦ ಕಿಲೋಮೀಟರು ಉದ್ದದ ನಡುವಲಯವಿದೆ. ಹಳೆಯ ಪೇಟೆಯೊಳಗೆ ಕೆಲವೇ ಮಾರುಗಳಷ್ಟು ಅಗಲ, ಹೊರಗೆ ಕೆಲವೆಡೆ ಹಲವಾರು ಕಿಲೋಮೀಟರು. ದ್ವೀಪದ ನೆಲದಲ್ಲಿ ನೂರಕ್ಕೆ ಮೂರರಷ್ಟು ಇದಕ್ಕೆ ಸಂದಿದೆ. ಅದರೊಳಗೆ ಪಾಳುಬಿದ್ದ ಅಂಗಡಿಗಳಿವೆ, ೧೯೭೪ರಿಂದ ವಿಮಾನವಿಳಿಯದ ನಿಲ್ದಾಣವಿದೆ. ಅನುಮತಿಪತ್ರ ಪಡೆದು ಉಳುವ ರೈತರೂ ಇದ್ದಾರೆ. ಪೈಲ ಎಂಬ ಹಳ್ಳಿಯೊಂದರಲ್ಲಿ ಗ್ರೀಕರೂ ತುರ್ಕಿಯರೂ ಇಂದಿಗೂ ಒಟ್ಟಿಗೆ ವಾಸಿಸುತ್ತಿದ್ದಾರೆ.

ಗೆದ್ದುದೇನು, ಉಳಿದುದೇನು

ಮೂರು ತಿಂಗಳಿಗೆಂದು ಬಂದ ಪಡೆಯು ಅರುವತ್ತು ವರ್ಷಗಳಾದರೂ ಅಲ್ಲಿಯೇ ಇದೆ. ಅದರ ಸಂಖ್ಯೆ ಈಗ ಸಾವಿರಕ್ಕಿಂತ ಕಡಮೆ. ಅದರ ಸೇವೆಯಲ್ಲಿ ಪ್ರಾಣಬಿಟ್ಟವರ ಸಂಖ್ಯೆ ೧೮೦ಕ್ಕೂ ಹೆಚ್ಚು. ಇದನ್ನು ನೋಡಿ ಕೆಲವರು ಹೇಳುವುದುಂಟು: ಈ ಸೈನಿಕರು ಶಾಂತಿಯನ್ನು ತರಲಿಲ್ಲ, ಕಲಹವನ್ನು ಉಪ್ಪಿನಕಾಯಿಯಂತೆ ಕೆಡದ ಹಾಗೆ ಕಾಯ್ದಿಟ್ಟರು, ಅವರಿಲ್ಲದಿದ್ದರೆ ಎರಡು ಕಡೆಯವರೂ ಎಂದೋ ರಾಜಿಗೆ ಬರುತ್ತಿದ್ದರು, ಎಂದು. ಈ ಆಕ್ಷೇಪವನ್ನು ನಾವು ಹಗುರವಾಗಿ ಕಾಣುವುದಿಲ್ಲ. ನಾಳೆ ಬೆಳಗ್ಗೆ ಗುಂಡು ಹಾರುವುದಿಲ್ಲವೆಂಬ ಭರವಸೆಯಿದ್ದರೆ, ಇಂದೇ ರಾಜಿಯಾಗಬೇಕೆಂಬ ಆತುರವು ನಾಯಕರಿಗೆ ಇರುವುದಿಲ್ಲ. ೨೦೦೪ನೆಯ ಏಪ್ರಿಲ್ ೨೪ರಂದು ವಿಶ್ವಸಂಸ್ಥೆಯ ಐಕ್ಯಯೋಜನೆಯನ್ನು ಜನರ ಮತಕ್ಕೆ ಹಾಕಿದಾಗ ತುರ್ಕಿಯರಲ್ಲಿ ನೂರಕ್ಕೆ ೬೫ರಷ್ಟು ಮಂದಿ ಒಪ್ಪಿದರು, ಗ್ರೀಕರಲ್ಲಿ ನೂರಕ್ಕೆ ೭೬ರಷ್ಟು ಮಂದಿ ನಿರಾಕರಿಸಿದರು. ಯೋಜನೆಯು ಬಿದ್ದುಹೋಯಿತು.

ಆದರೂ ಈ ಆಕ್ಷೇಪದಲ್ಲಿ ಒಂದು ದೋಷವಿದೆ. ಮೂಳೆ ಮುರಿದವನಿಗೆ ನಮ್ಮ ಹಳ್ಳಿಯ ವೈದ್ಯನು ಬಿದಿರಿನ ದಬ್ಬೆಯನ್ನು ಕಟ್ಟುವನಷ್ಟೆ. ದಬ್ಬೆಯು ಮೂಳೆಯನ್ನು ಕೂಡಿಸುವುದಿಲ್ಲ. ಅಲುಗದಂತೆ ಹಿಡಿದಿರುವುದು ಮಾತ್ರ ಅದರ ಕೆಲಸ. ಕೂಡಿಕೊಳ್ಳಬೇಕಾದುದು ಮೂಳೆಯೇ. ಬಹುಕಾಲ ಕಟ್ಟಿಯೇ ಇದ್ದರೆ ಅಂಗವು ಮರಗಟ್ಟುವುದೂ ನಿಜ. ಆದರೆ ಅದಕ್ಕೆ ದಬ್ಬೆಯನ್ನು ದೂಷಿಸಿ, ಮುರಿದ ದಿನವೇ ಅದನ್ನು ಕಟ್ಟದಿದ್ದರೆ ಚೆನ್ನಾಗಿತ್ತೆಂದು ಹೇಳುವುದು ವಿವೇಕವಲ್ಲ. ಆಫ್ರಿಕದ ರುವಾಂಡ ದೇಶದಲ್ಲಿ ೧೯೯೪ರಲ್ಲಿ ಹತ್ಯಾಕಾಂಡವು ಆರಂಭವಾದಾಗ ವಿಶ್ವಸಂಸ್ಥೆಯು ತನ್ನ ಪಡೆಯನ್ನು ಹೆಚ್ಚಿಸುವುದಕ್ಕೆ ಬದಲಾಗಿ ಕೆಲವು ನೂರು ಮಂದಿಗೆ ಇಳಿಸಿತು. ಸುಮಾರು ನೂರು ದಿನಗಳಲ್ಲಿ ಲಕ್ಷಾಂತರ ಜನರು ನೆರೆಯವರ ಕೈಯಿಂದಲೇ ಹತರಾದರು. ನಡುವೆ ನಿಲ್ಲುವವನು ಹಿಂದೆಗೆದರೆ ಏನಾದೀತೆಂಬುದಕ್ಕೆ ಬೇರೆ ನಿದರ್ಶನ ಬೇಡ.

ಸೈಪ್ರಸ್ಸಿನಲ್ಲಿ ಮೂಳೆಯು ಕೂಡಿಕೊಳ್ಳುವ ಲಕ್ಷಣಗಳು ಇಲ್ಲವೆನ್ನುವಂತಿಲ್ಲ. ೨೦೦೩ನೆಯ ಏಪ್ರಿಲ್ ೨೩ರಂದು ಗೆರೆಯಲ್ಲಿ ಮೊದಲ ಬಾರಿಗೆ ದಾರಿಗಳು ತೆರೆದವು. ಇಪ್ಪತ್ತೊಂಬತ್ತು ವರ್ಷಗಳ ಮೇಲೆ ಸಾವಿರಾರು ಜನರು ತಮ್ಮ ಹಳೆಯ ಊರುಗಳನ್ನು ನೋಡಲು ಹೊರಟರು. ತಮ್ಮ ಮನೆಗಳಲ್ಲಿ ಬೇರೆಯವರು ಒಲೆ ಹೊತ್ತಿಸಿರುವುದನ್ನು ಅವರು ಕಣ್ಣಾರೆ ಕಂಡರು. ೨೦೦೮ರಲ್ಲಿ ನಿಕೋಸಿಯದ ಪ್ರಮುಖ ಅಂಗಡಿಬೀದಿಯಾದ ಲೆಡ್ರಾ ಬೀದಿಯ ತಡೆಯನ್ನೂ ತೆಗೆಯಲಾಯಿತು.

ಇವೆಲ್ಲಕ್ಕಿಂತ ನಮ್ಮ ಮನಸ್ಸನ್ನು ತಟ್ಟಿದುದು ಮತ್ತೊಂದು ಕಾರ್ಯ. ೧೯೬೩ರಿಂದ ೧೯೭೪ರವರೆಗಿನ ಗಲಭೆಗಳಲ್ಲಿ ಎರಡು ಸಾವಿರ ಮಂದಿ ಕಾಣೆಯಾದರು; ಅವರಲ್ಲಿ ಸುಮಾರು ೧,೫೦೦ ಮಂದಿ ಗ್ರೀಕರು, ೫೦೦ ಮಂದಿ ತುರ್ಕಿಯರು. ಅವರನ್ನು ಹುಡುಕಲು ೧೯೮೧ರಲ್ಲಿ ಎರಡು ಪಂಗಡಗಳೂ ಸೇರಿದ ಒಂದು ಸಮಿತಿಯು ವಿಶ್ವಸಂಸ್ಥೆಯ ಆಶ್ರಯದಲ್ಲಿ ಏರ್ಪಟ್ಟಿತು. ಗ್ರೀಕ್ ಮತ್ತು ತುರ್ಕಿ ತರುಣ ವಿಜ್ಞಾನಿಗಳು ಜೊತೆಯಾಗಿ ಹೊಲಗಳನ್ನೂ ಹಾಳುಬಾವಿಗಳನ್ನೂ ಅಗೆದು, ದೊರೆತ ಅಸ್ಥಿಗಳನ್ನು ಪರೀಕ್ಷಿಸಿ, ಯಾರವೆಂದು ಗುರುತಿಸಿ ಮನೆಯವರಿಗೆ ಒಪ್ಪಿಸುತ್ತಿದ್ದಾರೆ. ಹೀಗೆ ಗುರುತಿಸಲ್ಪಟ್ಟವರ ಸಂಖ್ಯೆ ಸಾವಿರವನ್ನು ಮೀರಿದೆ. ಅಸ್ಥಿಸಂಚಯನವು ಮೃತರಿಗೆ ನಾವು ಸಲ್ಲಿಸುವ ಋಣವೆಂದು ತಿಳಿದಿರುವ ನಮ್ಮ ಜನಕ್ಕೆ ಇದರ ಅರ್ಥವನ್ನು ವಿವರಿಸಬೇಕಾದುದಿಲ್ಲ. ನಲವತ್ತು ಐವತ್ತು ವರ್ಷ ಬಾಗಿಲನ್ನು ನೋಡುತ್ತ ಕುಳಿತ ತಾಯಿಗೆ, ಕಡೆಗೆ ಒಂದು ಪುಟ್ಟ ಪೆಟ್ಟಿಗೆಯಲ್ಲಿ ಮಗನು ಮರಳುವನು. ಆ ಪೆಟ್ಟಿಗೆಯನ್ನು ಅವಳ ಕೈಗೆ ತಲುಪಿಸಲು ದುಡಿದವರಲ್ಲಿ ಎದುರು ಪಕ್ಷದ ಮಕ್ಕಳೂ ಇದ್ದಾರೆ.

ಈ ಕೆಲಸವನ್ನು ಸ್ವೀಡನ್ನಿನ ಸೈನಿಕನಾಗಲಿ, ಕೆನಡದ ಸೈನಿಕನಾಗಲಿ, ಕೊಡಗಿನ ದಳಪತಿಗಳಾಗಲಿ ಮಾಡಲು ಆಗುತ್ತಿರಲಿಲ್ಲ. ಅದು ಮನೆಯವರೇ ಮಾಡಬೇಕಾದ ಕೆಲಸ. ಆದರೆ ಅದನ್ನು ಮಾಡುವ ತಲೆಮಾರು ಹುಟ್ಟಿ ಬೆಳೆದು ದೊಡ್ಡದಾಗುವವರೆಗೆ ಗುಂಡುಗಳನ್ನು ತಡೆದು ನಿಂತವರು ಆ ಪರದೇಶದವರು. ಅವರು ಕೊಟ್ಟುದು ಕಾಲಾವಕಾಶ. ಅದನ್ನು ಸಾರ್ಥಕಗೊಳಿಸುವುದು ಅಥವಾ ವ್ಯರ್ಥಗೊಳಿಸುವುದು ಆ ದ್ವೀಪದ ಜನರ ಕೈಯಲ್ಲಿದೆ. ದಾಯಾದಿಗಳ ಕಲಹವು ನಮ್ಮ ಊರುಕೇರಿಗಳಲ್ಲಿಯೂ ಅಪರಿಚಿತವಲ್ಲ. ಅಲ್ಲಿ ನಡುವೆ ನಿಲ್ಲುವ ಹಿರಿಯರೊಬ್ಬರು ದೊರೆತಾಗ, ಅವರು ತೀರ್ಪುಕೊಡಲಿಲ್ಲವೆಂದು ಗೊಣಗುವುದರ ಬದಲು, ಅವರು ಗಳಿಸಿಕೊಟ್ಟ ನಾಲ್ಕು ದಿನಗಳ ಶಾಂತಿಯಲ್ಲಿ ನಾವು ಮಾಡಬೇಕಾದುದನ್ನು ಮಾಡಿದೆವೆ ಎಂದು ಕೇಳಿಕೊಳ್ಳುವುದು ಲೇಸು.